ಅಧಿಸೂಚನೆ ತಡವಾದರೆ ವಯೋಮಿತಿ ಸಡಿಲಿಕೆ ಅಭ್ಯರ್ಥಿಯ ಹಕ್ಕೇ?

ಪರ

ಕೆಎಎಸ್‌ನ (ಕರ್ನಾಟಕ ಆಡಳಿತ ಸೇವೆ) 106 ಹುದ್ದೆಗಳಿಗೆ ಕೆಪಿಎಸ್‌ಸಿ (ಕರ್ನಾಟಕ ಲೋಕಸೇವಾ ಆಯೋಗ) ಅಧಿಸೂಚನೆ ಹೊರಡಿಸಿದ್ದು 2020ರ ಜನವರಿಯಲ್ಲಿ. ಅದರ ನಂತರದ್ದು, 384 ಹುದ್ದೆಗಳದ್ದು, ಬಂದದ್ದು 2024ರ ಫೆಬ್ರವರಿಯಲ್ಲಿ. ನಿಯಮದ ಪ್ರಕಾರ ಗರಿಷ್ಠ ವಯಸ್ಸು ಸಾಮಾನ್ಯ ವರ್ಗಕ್ಕೆ 35; ಹಿಂದುಳಿದ ವರ್ಗಗಳ 2ಎ, 2ಬಿ, 3ಎ, 3ಬಿಗೆ 38; ಪರಿಶಿಷ್ಟರಿಗೆ ಮತ್ತು ಪ್ರವರ್ಗ-1ಕ್ಕೆ 40. ಮೊದಲ ಅಧಿಸೂಚನೆಯ ಹೊತ್ತಿಗೆ 32 ತುಂಬಿದ್ದ ಸಾಮಾನ್ಯ ವರ್ಗದ ಹುಡುಗನಿಗೆ ಎರಡನೆಯದರ ಹೊತ್ತಿಗೆ 36. ನಡುವೆ ಮೂರು ವರ್ಷ ಅರ್ಹತೆಯಿತ್ತು, ಪರೀಕ್ಷೆ ಇರಲಿಲ್ಲ. ಸಡಿಲಿಕೆ ಇಲ್ಲದಿದ್ದರೆ ಅವನನ್ನು ‘ಏಜ್ ಬಾರ್’ ಎಂದು ಹೊರಗಿಡುವುದು ಯಾವ ನ್ಯಾಯ?

ಸರ್ಕಾರ ಈ ವಿಳಂಬಕ್ಕೆ ಪ್ರತಿ ಸಲವೂ ಹೊಸ ಕಾರಣ ಕೊಡುತ್ತದೆ. 2024ರ ಅಕ್ಟೋಬರ್ ಕೊನೆಗೆ ಒಳಮೀಸಲಾತಿ (ಪರಿಶಿಷ್ಟ ಜಾತಿಗಳ ಮೀಸಲಾತಿಯನ್ನು ಅವುಗಳೊಳಗೇ ಹಂಚುವುದು) ತೀರ್ಮಾನವಾಗುವ ತನಕ ಹೊಸ ಅಧಿಸೂಚನೆ ಬೇಡವೆಂದು ನಿರ್ಧರಿಸಿತು. ಆ ಹಂಚಿಕೆಯ ಸೂತ್ರವನ್ನು ಸಂಪುಟ ಒಪ್ಪಿದ್ದು 2025ರ ಆಗಸ್ಟ್‌ನಲ್ಲಿ. ಒಳಮೀಸಲಾತಿ ಆಗಲೇಬೇಕಾದ ಕೆಲಸ, ಆ ಬಗ್ಗೆ ತಕರಾರಿಲ್ಲ. ಆದರೆ ಕಾಯುವ ಅಷ್ಟೂ ತಿಂಗಳು ಅಭ್ಯರ್ಥಿಯ ಲೆಕ್ಕಕ್ಕೇ ಬಿದ್ದವು. ಹಳ್ಳಿ ಶಾಲೆಗಳಲ್ಲಿ ಮೇಷ್ಟ್ರು ಅರ್ಧ ತರಗತಿಗೆ ಜೂನ್ 1 ಎಂದು ಬರೆದಿಟ್ಟ ಜನ್ಮದಿನಾಂಕವೇ ಎಸ್ಸೆಸ್ಸೆಲ್ಸಿ ಅಂಕಪಟ್ಟಿಗೆ ಬಂದಿರುತ್ತದೆ. ಅರ್ಜಿಯ ಕೊನೆಯ ದಿನ ಜೂನ್ ದಾಟಿತೆಂದರೆ ಅವರೆಲ್ಲ ಒಟ್ಟಿಗೇ ಹೊರಗೆ.

ಎರಡೂವರೆ ಲಕ್ಷಕ್ಕೂ ಹೆಚ್ಚು ಹುದ್ದೆಗಳನ್ನು ಖಾಲಿ ಬಿಟ್ಟು ಸರ್ಕಾರ ಗುತ್ತಿಗೆ, ಹೊರಗುತ್ತಿಗೆಯಲ್ಲಿ ಕೆಲಸ ಮಾಡಿಸಿಕೊಳ್ಳುತ್ತದೆ. ಅಲ್ಲಿ ಹತ್ತು ವರ್ಷ ದುಡಿದವರು ಕಾಯಂ ಮಾಡಿ ಎಂದರೆ 2006ರ ಉಮಾದೇವಿ ತೀರ್ಪು ತೋರಿಸುತ್ತಾರೆ: ಹಿಂಬಾಗಿಲಿಂದ ಬಂದವರಿಗೆ ಕಾಯಂ ಹುದ್ದೆ ಹಕ್ಕಲ್ಲ. ಸರಿ, ಮುಂಬಾಗಿಲಿಂದಲೇ ಬರುತ್ತೇವೆ ಎಂದು ಅರ್ಜಿ ಹಾಕಹೊರಟರೆ ವಯಸ್ಸು ಮೀರಿದೆ.

ದಾರಿ ಇಲ್ಲವೆಂದಲ್ಲ. ದೆಹಲಿ ನ್ಯಾಯಾಂಗ ಸೇವೆಯ ಪರೀಕ್ಷೆ 2020, 2021ರಲ್ಲಿ ನಡೆಯಲಿಲ್ಲ. ನಡೆದಿದ್ದರೆ ಅರ್ಹರಾಗುತ್ತಿದ್ದವರು 2022ರ ಪರೀಕ್ಷೆ ಬರೆಯಲಿ ಎಂದು ಸುಪ್ರೀಂ ಕೋರ್ಟ್ ಒಂದು ಬಾರಿಗೆ ಅವಕಾಶ ಕೊಟ್ಟಿತು. 32ರ ಗರಿಷ್ಠ ಮಿತಿಯನ್ನು ಮುಟ್ಟಲಿಲ್ಲ. ಇಲ್ಲಿಯೂ ಇಷ್ಟೇ ಬೇಕು: ಪರೀಕ್ಷೆ ನಡೆಯದ ವರ್ಷಗಳನ್ನು ವಯಸ್ಸಿನಲ್ಲಿ ಕಳೆಯುವ ಒಂದು ನಿಯಮ. ಅದು ಬರಹದಲ್ಲಿದ್ದರೆ ಧಾರವಾಡದಲ್ಲಿ ಓದುವ ಹುಡುಗರು ಪುಸ್ತಕ ಮುಚ್ಚಿಟ್ಟು ರಸ್ತೆಗಿಳಿಯಬೇಕಿಲ್ಲ, ಯಾವ ಮಂತ್ರಿಯ ಕೃಪೆಗೂ ಕಾಯಬೇಕಿಲ್ಲ.

ವಿರೋಧ

ನೋವು ನಿಜ. ಆದರೆ ಅದನ್ನು ಹಕ್ಕು ಎಂದು ಕರೆದ ಮರುದಿನವೇ ಅದು ಕೆಎಟಿಗೆ (ಕರ್ನಾಟಕ ಆಡಳಿತ ನ್ಯಾಯಮಂಡಳಿ) ಹೋಗುತ್ತದೆ. ಒಬ್ಬರು ಮಧ್ಯಂತರ ಆದೇಶ ತಂದು ತಾತ್ಕಾಲಿಕವಾಗಿ ಪರೀಕ್ಷೆ ಬರೆಯುತ್ತಾರೆ, ಅವರ ಫಲಿತಾಂಶವನ್ನು ಮುಚ್ಚಿದ ಲಕೋಟೆಯಲ್ಲಿಡುತ್ತಾರೆ, ಆಯ್ಕೆಪಟ್ಟಿ ನಿಲ್ಲುತ್ತದೆ. ನ್ಯಾಯಮಂಡಳಿ ಮುಗಿದರೆ ಹೈಕೋರ್ಟ್. ಅಷ್ಟು ಹೊತ್ತಿಗೆ ಮುಂದಿನ ಅಧಿಸೂಚನೆಗೆ ಕಾದಿದ್ದ ಇನ್ನೊಂದು ಗುಂಪಿನ ವಯಸ್ಸು ಮೀರಿರುತ್ತದೆ. ಅವರ ವಿಳಂಬಕ್ಕೆ ಹೊಣೆ ಯಾರು?

ವಯಸ್ಸು ನಿಗದಿ ಮಾಡುವುದು ಸಂವಿಧಾನದ 309ನೇ ವಿಧಿಯಡಿ ನಿಯಮ ರೂಪಿಸುವವರ ಕೆಲಸ. ರಾಜಸ್ಥಾನದ ಅಮಿ ಲಾಲ್ ಭಟ್ ಪ್ರಕರಣದಲ್ಲಿ 1997ರಲ್ಲೇ ಸುಪ್ರೀಂ ಕೋರ್ಟ್ ವಯಸ್ಸಿನ ಕಟ್‌ಆಫ್ ದಿನಾಂಕವನ್ನು ಎತ್ತಿಹಿಡಿಯಿತು. ಯಾವ ದಿನ ಇಟ್ಟರೂ ಒಂದಿಬ್ಬರು ಆಚೆ ಉಳಿಯುತ್ತಾರೆ. 2021ರಲ್ಲಿ ಕೋವಿಡ್ ಕಾರಣ ಕೊಟ್ಟು ಯುಪಿಎಸ್‌ಸಿಯ ಹೆಚ್ಚುವರಿ ಅವಕಾಶ ಕೇಳಿದವರಿಗೂ ಅದು ಸಿಗಲಿಲ್ಲ. ಪರ ವಾದದವರು ದೆಹಲಿ ಆದೇಶವನ್ನು ತೋರಿಸುತ್ತಾರೆ, ಅದರಲ್ಲೇ ಇರುವ ‘ಒಂದು ಬಾರಿಗೆ’ ಎಂಬುದರ ಮೇಲೆ ಹಾಯಾಗಿ ಜಾರಿಬಿಡುತ್ತಾರೆ. ಇನ್ನು ಪ್ರತಿವರ್ಷ ಪರೀಕ್ಷೆ ನಡೆಸಲೇಬೇಕೆಂಬ ಕಡ್ಡಾಯವೇ ಇಲ್ಲದ ಹುದ್ದೆಗೆ ‘ನಡೆಯದ ವರ್ಷ’ ಎಂದು ಎಣಿಸುವುದಾದರೂ ಹೇಗೆ?

ಸಡಿಲಿಕೆಯ ಸುಖವನ್ನೂ ನೋಡಿದ್ದೇವೆ. 2024ರಲ್ಲಿ ರಾಜ್ಯ ಸರ್ಕಾರ ಒಂದು ಬಾರಿಗೆ ಎಂದು ಮೂರು ವರ್ಷ ಕೊಟ್ಟಿತು. 2025ರಲ್ಲಿ ಮತ್ತೆ ಮೂರು ವರ್ಷ, 2027ರ ಡಿಸೆಂಬರ್ 31ರ ತನಕದ ಅಧಿಸೂಚನೆಗಳಿಗೆ. ತೆಲಂಗಾಣ 2022ರಲ್ಲಿ 34 ಇದ್ದದ್ದನ್ನು 44 ಮಾಡಿ, ಆಮೇಲೆ 46ಕ್ಕೆ ಏರಿಸಿತು. ಸರ್ಕಾರಗಳಿಗೆ ಇದು ಬಹಳ ಅಗ್ಗದ ಆದೇಶ: ಒಂದು ಹುದ್ದೆಯನ್ನೂ ತುಂಬದೆ ಚಪ್ಪಾಳೆ ಗಿಟ್ಟುತ್ತದೆ. ಕೇಳಬೇಕಾದದ್ದು ಪರೀಕ್ಷಾ ವೇಳಾಪಟ್ಟಿ. ಸಡಿಲಿಕೆ ಸಿಕ್ಕೊಡನೆ ಆ ಬೇಡಿಕೆಯ ಬಿಸಿ ಆರುತ್ತದೆ.

ಈ ವರ್ಷ ಡಿಗ್ರಿ ಮುಗಿಸಿ ಬಂದ 22ರ ಹುಡುಗಿ ವರ್ಷಗಟ್ಟಲೆ ಕೋಚಿಂಗ್‌ನಲ್ಲಿ ಪಳಗಿದವರ ಜೊತೆ ಅದೇ ಪ್ರಶ್ನೆಪತ್ರಿಕೆ ಬರೆಯಬೇಕು. ಅವಳ ಪರವಾಗಿ ಯಾರೂ ಧರಣಿ ಕೂರುವುದಿಲ್ಲ. ಇನ್ನೊಂದು ಕಡೆ, 38ಕ್ಕೆ ಬೇರೆ ಕೆಲಸ ಹುಡುಕಿಕೊಳ್ಳುತ್ತಿದ್ದವನು ಇನ್ನೂ ಮೂರು ವರ್ಷ ಬೆಂಗಳೂರಿನ ವಿಜಯನಗರದ ಪಿಜಿ ಬಾಡಿಗೆ ಕಟ್ಟುತ್ತಾನೆ. ಮಿತಿ 40 ಇದ್ದವರು ಸಡಿಲಿಕೆಯಲ್ಲಿ 43ಕ್ಕೆ ಸೇರಿದರೆ 60ಕ್ಕೆ ನಿವೃತ್ತಿ. ಎನ್‌ಪಿಎಸ್ (ರಾಷ್ಟ್ರೀಯ ಪಿಂಚಣಿ ವ್ಯವಸ್ಥೆ) ಖಾತೆಗೆ ಹಣ ಬೀಳುವುದು ಹದಿನೇಳೇ ವರ್ಷ. ಆ ಗಂಟಿನಿಂದ ತಿಂಗಳಿಗೆಷ್ಟು ಪಿಂಚಣಿ ಬರುತ್ತದೆಂಬುದನ್ನು ಸಡಿಲಿಕೆ ಆದೇಶದಲ್ಲಿ ಯಾರೂ ಬರೆಯುವುದಿಲ್ಲ.