ಜನರಲ್ ಸೀಟು ಸಿದ್ದಿಗಳದ್ದೂ ಹೌದು

ನನ್ನ ಜೊತೆ ಹೈಸ್ಕೂಲು ಓದಿದ ಗೆಳತಿಯೊಬ್ಬಳು 2015ರಲ್ಲಿ ಗ್ರಾಮ ಪಂಚಾಯಿತಿ ಸದಸ್ಯೆಯಾದಳು. ಸಿದ್ದಿ ಸಮುದಾಯದವಳು. ಯಲ್ಲಾಪುರ ತಾಲ್ಲೂಕಿನ ಕಾಡಂಚಿನ ಒಂದು ಮಜರೆ ಅವಳದ್ದು. ಹೆಸರು, ಊರು ಬರೆಯಬೇಡ ಅಂದಿದ್ದಾಳೆ. ಹಾಗಾಗಿ ಬರೆಯುತ್ತಿಲ್ಲ.

ಆ ಸಲ ಅವಳ ವಾರ್ಡಿಗೆ ಎಸ್‌ಟಿ ಮಹಿಳೆ ಮೀಸಲಾತಿ ಬಂತು. ಊರಿನ ನಾಲ್ಕು ಜನ ಪ್ರಮುಖರು ಒಂದು ಸಂಜೆ ಅವಳ ಮನೆ ಹುಡುಕಿಕೊಂಡು ಹೋದರು. ಅಲ್ಲಿಯವರೆಗೆ ಆ ಅಂಗಳಕ್ಕೆ ಕಾಲಿಟ್ಟವರಲ್ಲ. ತೋಟದ ಕೆಲಸಕ್ಕೆ ಆಳು ಬೇಕಾದಾಗ ರಸ್ತೆಯಲ್ಲೇ ನಿಂತು ಕೂಗಿ ಕರೆಯುತ್ತಿದ್ದವರು. ಬಂದವರು ಕೇಳಿದ ಮೊದಲ ಪ್ರಶ್ನೆ, "ಜಾತಿ ಸರ್ಟಿಫಿಕೇಟ್ ಉಂಟಾ?" ಎರಡನೇ ಮಾತು, "ನೀ ಸುಮ್ನೆ ಸಹಿ ಹಾಕು, ಉಳಿದದ್ದು ನಾವು ನೋಡ್ಕೊಳ್ತೇವೆ."

ಅವಳು ಗೆದ್ದಳು. ಮೊದಲ ಒಂದೂವರೆ ವರ್ಷ ನಿಜಕ್ಕೂ ಸುಮ್ಮನೆ ಸಹಿ ಹಾಕಿದಳು. ಸಭೆಗೆ ಹೋಗುವುದು, ಹಿಂದಿನ ಕುರ್ಚಿಯಲ್ಲಿ ಕೂರುವುದು, ಚಾ ಕುಡಿಯುವುದು, ನಡಾವಳಿ ಪುಸ್ತಕ ಬಂದಾಗ ಸಹಿ ಮಾಡುವುದು. ಅವಳ ಮಜರೆಗೂ ಶಾಲೆಗೂ ನಡುವೆ ಒಂದು ಹಳ್ಳ ಇದೆ. ಎರಡು ಅಡಿಕೆ ಮರ ಅಡ್ಡ ಹಾಕಿದ ಸಂಕ, ಹಿಡಿದುಕೊಳ್ಳಲು ಒಂದು ಬಿದಿರು. ಜುಲೈ ತಿಂಗಳಲ್ಲಿ ಅಲ್ಲಿನ ಮಕ್ಕಳ ಹಾಜರಿ ನೋಡಿದರೆ ಹಳ್ಳದಲ್ಲಿ ನೀರು ಎಷ್ಟಿತ್ತು ಅಂತ ಹೇಳಬಹುದು. ಅಲ್ಲೊಂದು ಗಟ್ಟಿ ಕಾಲುಸಂಕ ಬೇಕು ಅಂತ ಮೂರು ಸಭೆಯಲ್ಲಿ ಕೇಳಿದಳು. ಮೂರೂ ಸಲ "ಮುಂದಿನ ಕ್ರಿಯಾ ಯೋಜನೆಯಲ್ಲಿ ನೋಡೋಣ" ಅಂದರು.

ನಾಲ್ಕನೇ ಸಭೆಯ ದಿನ ಕೋರಂಗೆ ಎಷ್ಟು ಬೇಕೋ ಅಷ್ಟೇ ಜನ ಬಂದಿದ್ದರು. ಪುಸ್ತಕ ಅವಳ ಮುಂದೆ ಬಂತು. ಅವಳು ಪೆನ್ನಿನ ಮುಚ್ಚಳ ಹಾಕಿದಳು. "ಸಂಕದ ವಿಷಯ ಎಲ್ಲಿ ಬರೆದಿದ್ದೀರಿ ತೋರಿಸಿ, ಆಮೇಲೆ ಸಹಿ ಹಾಕ್ತೇನೆ" ಅಂದಳು. ಸುಮಾರು ಹೊತ್ತು ಯಾರೂ ಮಾತಾಡಲಿಲ್ಲವಂತೆ. ಆಮೇಲೆ ಪಿಡಿಒ ಪುಸ್ತಕ ವಾಪಸ್ ತೆಗೆದುಕೊಂಡು ಬರೆದರು. ಮರುವರ್ಷ ಸಂಕ ಆಯಿತು. ನಾನು ಅದರ ಮೇಲೆ ನಡೆದಿದ್ದೇನೆ.

ನನ್ನ ಪ್ರಕಾರ ರಾಜಕೀಯದಲ್ಲಿ ಭಾಗವಹಿಸುವುದು ಅಂದರೆ ಇದು. ಓಟು ಹಾಕುವುದರಲ್ಲಿ ಸಿದ್ದಿಗಳು ಯಾವತ್ತೂ ಹಿಂದೆ ಬಿದ್ದವರಲ್ಲ. ಅವರ ಬೂತಿನಲ್ಲಿ ಬೆಳಿಗ್ಗೆ ಏಳಕ್ಕೇ ಸಾಲು ಇರುತ್ತದೆ. ಪ್ರಚಾರದ ಮೆರವಣಿಗೆಗೂ ಅವರು ಬೇಕು. ಡಮಾಮಿ ಬಾರಿಸಿ ಕುಣಿಯಲು ತಪ್ಪದೆ ಕರೆಯುತ್ತಾರೆ. ಕುಣಿತ ಮುಗಿದ ಮೇಲೆ ಅವರು ವೇದಿಕೆಯ ಕೆಳಗೆ ನಿಂತಿರುತ್ತಾರೆ, ಭಾಷಣ ಮೇಲೆ ನಡೆಯುತ್ತದೆ. ಚಿಕ್ಕಂದಿನಿಂದ ಇದನ್ನೇ ನೋಡಿದ್ದೇನೆ. ನೋಡಿದಾಗಲೆಲ್ಲ ಸಂಕಟ ಆಗುತ್ತದೆ.

ಸಿದ್ದಿಗಳ ಬಗ್ಗೆ ಗೊತ್ತಿಲ್ಲದವರಿಗೆ ಎರಡು ಮಾತು. ಶತಮಾನಗಳ ಹಿಂದೆ ಪೋರ್ಚುಗೀಸರು, ಅರಬ್ ವ್ಯಾಪಾರಿಗಳು ಆಫ್ರಿಕಾದಿಂದ ಗುಲಾಮರಾಗಿ ತಂದ ಜನರ ಪೀಳಿಗೆ ಇದು. ಗೋವಾ ಕಡೆಯಿಂದ ತಪ್ಪಿಸಿಕೊಂಡು ಬಂದು ಘಟ್ಟದ ಕಾಡಿನಲ್ಲಿ ನೆಲೆಸಿದರು. ಯಲ್ಲಾಪುರ, ಹಳಿಯಾಳ, ಮುಂಡಗೋಡ, ಅಂಕೋಲಾ ಕಡೆ ಜಾಸ್ತಿ. ಅವರಲ್ಲಿ ಹಿಂದೂಗಳಿದ್ದಾರೆ, ಮುಸ್ಲಿಮರಿದ್ದಾರೆ, ಕ್ರೈಸ್ತರಿದ್ದಾರೆ. ಮನೆಯಲ್ಲಿ ಹೆಚ್ಚಿನವರದ್ದು ಕೊಂಕಣಿ, ಹೊರಗೆ ನಮ್ಮ ನಿಮ್ಮಂತೆ ಕನ್ನಡ. "ನೀವು ಯಾವ ದೇಶದವರು?" ಅಂತ ಹುಬ್ಬಳ್ಳಿ ಬಸ್‌ಸ್ಟ್ಯಾಂಡಿನಲ್ಲಿ ಇವತ್ತಿಗೂ ಅವರನ್ನು ಕೇಳುತ್ತಾರೆ.

ಉತ್ತರ ಕನ್ನಡದ ಸಿದ್ದಿಗಳು ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದ್ದು 2003ರಲ್ಲಿ. ಧಾರವಾಡ, ಬೆಳಗಾವಿ ಜಿಲ್ಲೆಯವರು ಸೇರಲು 2020 ಬರಬೇಕಾಯಿತು. ಪಟ್ಟಿಗೆ ಸೇರಿದ್ದರಿಂದಲೇ ಪಂಚಾಯಿತಿಯ ಬಾಗಿಲು ತೆರೆಯಿತು, ನನ್ನ ಗೆಳತಿಯಂಥವರು ಒಳಗೆ ಬಂದರು. ಮೀಸಲಾತಿಯಿಂದ ಏನೂ ಆಗಲಿಲ್ಲ ಅನ್ನುವವರಿಗೆ ನಾನು ಆ ಕಾಲುಸಂಕ ತೋರಿಸುತ್ತೇನೆ.

ಆದರೆ ಪಂಚಾಯಿತಿ ಬಿಟ್ಟು ಮೇಲೆ ನೋಡಿ. ನಮ್ಮ ವಿಧಾನಸಭೆಯ 224 ಸ್ಥಾನಗಳಲ್ಲಿ 15 ಎಸ್‌ಟಿಗೆ ಮೀಸಲು. 2008ಕ್ಕೆ ಮೊದಲು ಎರಡೇ ಇದ್ದವು. ಎರಡರಿಂದ ಹದಿನೈದಾಗಿದ್ದು ದೊಡ್ಡ ಗೆಲುವೇ. ಆದರೆ ಎಸ್‌ಟಿ ಜನರ ಪ್ರಮಾಣ ಎಲ್ಲಿ ಜಾಸ್ತಿಯೋ ಅಲ್ಲೇ ಎಸ್‌ಟಿ ಕ್ಷೇತ್ರ ಮಾಡಬೇಕು ಅನ್ನುತ್ತದೆ ಕಾನೂನು. ಹಾಗಾಗಿ ಅವು ಹೆಚ್ಚಾಗಿ ಬಳ್ಳಾರಿ, ರಾಯಚೂರು, ಚಿತ್ರದುರ್ಗದ ಕಡೆ ಬಂದವು. ಉತ್ತರ ಕನ್ನಡದಲ್ಲಿ ಒಂದೂ ಇಲ್ಲ. ಕೊಡಗಿನಲ್ಲಿ ಇಲ್ಲ, ಉಡುಪಿಯಲ್ಲಿ ಇಲ್ಲ. ಎಚ್.ಡಿ. ಕೋಟೆ ಎಸ್‌ಟಿ ಕ್ಷೇತ್ರ, ಅಲ್ಲಿನ ಕಾಡಂಚಿನ ಹಾಡಿಗಳಲ್ಲಿ ಜೇನು ಕುರುಬರು ಇದ್ದಾರೆ. ಅವರಲ್ಲಿ ಒಬ್ಬರೂ ಶಾಸಕರಾಗಿಲ್ಲ.

ಎಸ್‌ಟಿ ಸ್ಥಾನಗಳಲ್ಲಿ ಹೆಚ್ಚಿನವು ನಾಯಕ (ವಾಲ್ಮೀಕಿ) ಸಮುದಾಯದವರಿಗೇ ಹೋಗುತ್ತವೆ. ಇದರಲ್ಲಿ ಅವರ ತಪ್ಪೇನೂ ಇಲ್ಲ. ರಾಜ್ಯದ ಎಸ್‌ಟಿ ಜನಸಂಖ್ಯೆಯಲ್ಲಿ ಮುಕ್ಕಾಲು ಪಾಲು ಅವರೇ. ಅವರೂ ಹೋರಾಡಿ ಪಡೆದದ್ದು. ನಾನು ಕೇಳುತ್ತಿರುವುದು ಉಳಿದ ಕಾಲು ಪಾಲಿನಲ್ಲಿ ಚೂರು ಚೂರಾಗಿ ಹಂಚಿಹೋಗಿರುವ ಹತ್ತಾರು ಸಮುದಾಯಗಳ ಬಗ್ಗೆ. 2011ರ ಜನಗಣತಿ ಪ್ರಕಾರ ಸಿದ್ದಿಗಳು ಸುಮಾರು 10 ಸಾವಿರ. ಅದರಲ್ಲಿ ಮಕ್ಕಳನ್ನು ಬಿಡಿ. ಉಳಿದವರನ್ನು ಯಲ್ಲಾಪುರ, ಹಳಿಯಾಳ, ಶಿರಸಿ, ಕಾರವಾರ ಕ್ಷೇತ್ರಗಳಿಗೆ ಹಂಚಿ. ಒಂದೊಂದು ಕ್ಷೇತ್ರದಲ್ಲಿ ಒಂದೂವರೆ ಲಕ್ಷಕ್ಕೂ ಜಾಸ್ತಿ ಮತದಾರರು. ಟಿಕೆಟ್ ಹಂಚುವವರು ಕೂತು ಲೆಕ್ಕ ಹಾಕುವಾಗ ಈ ಸಂಖ್ಯೆ ಅವರ ಕಣ್ಣಿಗೇ ಬೀಳುವುದಿಲ್ಲ. ಠೇವಣಿ ಎಸ್‌ಟಿ ಅಭ್ಯರ್ಥಿಗೆ 5 ಸಾವಿರ ಅಷ್ಟೇ, ಹೇಗೋ ಹೊಂದಿಸಬಹುದು. ಖರ್ಚಿನ ಮಿತಿ 40 ಲಕ್ಷ. ದಿನಗೂಲಿ ಮಾಡುವವರ ಮನೆಯಿಂದ ಅದರ ಮುಂದೆ ಯಾರು ನಿಲ್ಲುತ್ತಾರೆ?

2020ರ ಜುಲೈಯಲ್ಲಿ ಶಾಂತಾರಾಮ ಸಿದ್ದಿಯವರನ್ನು ವಿಧಾನ ಪರಿಷತ್ತಿಗೆ ನಾಮಕರಣ ಮಾಡಿದಾಗ ನಮ್ಮ ಕಡೆ ಎಷ್ಟು ಖುಷಿ ಆಗಿತ್ತು ಗೊತ್ತಾ? ರಾಜ್ಯದ ಶಾಸನಸಭೆಗೆ ಬಂದ ಮೊದಲ ಸಿದ್ದಿ ಅವರು. ಪಕ್ಷ ಯಾವುದೇ ಇರಲಿ, ನನಗೆ ಆ ದಿನ ಕಣ್ಣು ತುಂಬಿ ಬಂದಿತ್ತು. ಗೆಳತಿ ಫೋನ್ ಮಾಡಿ, "ನಮ್ಮ ಮಂದಿ ಅಲ್ಲಿ ಕೂತದ್ದು ಟಿವಿಯಲ್ಲಿ ತೋರಿಸಿದ್ರು" ಅಂದಳು. ಅವಳ ಸ್ವರ ಇನ್ನೂ ನೆನಪಿದೆ.

ಆದರೂ ನಾಮಕರಣ ಬೇರೆ, ಗೆದ್ದು ಬರುವುದು ಬೇರೆ. ಪರಿಷತ್ತಿನ 75 ಸದಸ್ಯರಲ್ಲಿ 11 ಜನರನ್ನು ಸರ್ಕಾರದ ಸಲಹೆ ಮೇರೆಗೆ ರಾಜ್ಯಪಾಲರು ನಾಮಕರಣ ಮಾಡುತ್ತಾರೆ. ಆರು ವರ್ಷದ ಅವಧಿ. ಅದು ಮುಗಿದ ಮೇಲೆ ಇನ್ನೊಬ್ಬ ಸಿದ್ದಿ ಬರಬೇಕು ಅಂತ ಯಾವ ನಿಯಮವೂ ಇಲ್ಲ. ಕೊಟ್ಟದ್ದು ಹೇಗೆ ಹೋಗುತ್ತದೆ ಅನ್ನುವುದಕ್ಕೆ ಅದೇ ವರ್ಷದ ಇನ್ನೊಂದು ಉದಾಹರಣೆ ಇದೆ. ನಮ್ಮ ವಿಧಾನಸಭೆಯಲ್ಲಿ 225ನೆಯವರಾಗಿ ಒಬ್ಬ ಆಂಗ್ಲೋ ಇಂಡಿಯನ್ ಸದಸ್ಯರು ಇರುತ್ತಿದ್ದರು. 2020ರ ಜನವರಿಗೆ ಆ ಅವಕಾಶವೇ ನಿಂತುಹೋಯಿತು. ನಮ್ಮಲ್ಲಿ ಎಷ್ಟು ಜನರಿಗೆ ಅದು ಗೊತ್ತಾಯಿತು?

ಸಣ್ಣ ಸಮುದಾಯದವರು ತಾವೇ ಗೆದ್ದು ಬರುವ ದಾರಿ ಇಲ್ಲವೇ ಇಲ್ಲ ಅಂತಲ್ಲ. ಸಿಕ್ಕಿಂ ವಿಧಾನಸಭೆಯಲ್ಲಿ 'ಸಂಘ' ಅನ್ನುವ ಒಂದು ಕ್ಷೇತ್ರ ಇದೆ. ಅದಕ್ಕೆ ಗಡಿ ಇಲ್ಲ. ಇಡೀ ರಾಜ್ಯದ ಬೌದ್ಧ ಮಠಗಳ ಸನ್ಯಾಸಿಗಳು, ಸನ್ಯಾಸಿನಿಯರು ಸೇರಿ ಒಬ್ಬರನ್ನು ಆರಿಸುತ್ತಾರೆ. ನ್ಯೂಜಿಲೆಂಡಿನ ಸಂಸತ್ತಿನಲ್ಲಿ ಅಲ್ಲಿನ ಮೂಲನಿವಾಸಿಗಳಾದ ಮಾವೊರಿಗಳಿಗೆ 1867ರಿಂದ ಪ್ರತ್ಯೇಕ ಸ್ಥಾನಗಳಿವೆ. ಮಾವೊರಿ ಮತದಾರರು ಮಾವೊರಿ ಪಟ್ಟಿಯಲ್ಲಿರಬೇಕೋ ಸಾಮಾನ್ಯ ಪಟ್ಟಿಯಲ್ಲಿರಬೇಕೋ ತಾವೇ ಆರಿಸಿಕೊಳ್ಳಬಹುದು. ನಮ್ಮ ಕೊಡಗಿನಲ್ಲೂ ಕೊಡವರ ಒಂದು ಸಂಘಟನೆ ಸಿಕ್ಕಿಂ ಮಾದರಿಯ ಕ್ಷೇತ್ರ ಬೇಕು ಅಂತ ಕೇಳುತ್ತಾ ಬಂದಿದೆ. ಸಿದ್ದಿ, ಕೊರಗ, ಜೇನು ಕುರುಬ, ಸೋಲಿಗ, ಹೀಗೆ ಚದುರಿ ಬದುಕುವವರೆಲ್ಲ ಸೇರಿ ಒಬ್ಬರನ್ನು ಆರಿಸುವ ಒಂದು ಸ್ಥಾನ ಯಾಕಿರಬಾರದು? ಸಂವಿಧಾನ ತಿದ್ದುಪಡಿ ಬೇಕಾದೀತು, ಸುಲಭ ಅಲ್ಲ. ಆದರೆ ಕ್ಷೇತ್ರ ಮರುವಿಂಗಡಣೆ ಬಗ್ಗೆ ಇಷ್ಟೆಲ್ಲ ಮಾತು ನಡೆಯುತ್ತಿದೆ. ಉತ್ತರಕ್ಕೆಷ್ಟು, ದಕ್ಷಿಣಕ್ಕೆಷ್ಟು ಅಂತ ಎಲ್ಲರೂ ಕೇಳುತ್ತಿದ್ದಾರೆ. ಇದನ್ನೂ ಯಾರಾದರೂ ಎತ್ತಬೇಕಲ್ವಾ?

ಸಂವಿಧಾನ ಮುಟ್ಟದೆ ನಾಳೆಯೇ ಮಾಡಬಹುದಾದ ಕೆಲಸವೂ ಇದೆ. ಗೆಳತಿಯ ಕಥೆಗೆ ವಾಪಸ್ ಬರುತ್ತೇನೆ.

2020ರ ಡಿಸೆಂಬರ್ ಚುನಾವಣೆಗೆ ಅವಳ ವಾರ್ಡಿನ ಮೀಸಲಾತಿ ಬದಲಾಯಿತು, ಜನರಲ್ ಬಂತು. ಐದು ವರ್ಷ ಕೆಲಸ ಕಲಿತಿದ್ದಳು. ಕ್ರಿಯಾ ಯೋಜನೆ, ನರೇಗಾ, ಅರಣ್ಯ ಹಕ್ಕು ಅರ್ಜಿ ಎಲ್ಲ ಬಾಯಿಗೆ ಬರುತ್ತಿತ್ತು. ನಾಮಪತ್ರ ಹಾಕುತ್ತೇನೆ ಅಂದಳು. ಅವತ್ತು ಮನೆ ಹುಡುಕಿಕೊಂಡು ಹೋದವರೇ, "ಈ ಸಲ ಜನರಲ್ ಬಂದಿದೆ, ನಿಮ್ಮದಲ್ಲ" ಅಂದರು. ನಿಮ್ಮದಲ್ಲ! ಜನರಲ್ ಅಂದರೆ ಎಲ್ಲರದ್ದು ಅಂತ ಯಾಕೆ ಯಾರ ತಲೆಗೂ ಹೋಗುವುದಿಲ್ಲ? ಅವಳು ಹಟ ಹಿಡಿದು ನಿಂತಳು, ಸೋತಳು. ಸೋತರೂ ಸಿದ್ದಿಗಳಲ್ಲದ ಮನೆಗಳಿಂದಲೂ ಅವಳಿಗೆ ಓಟು ಬಿದ್ದಿದ್ದವು. ಸಂಕದ ಆಚೆ ಈಚೆ ಎರಡೂ ಕಡೆಯವರು ಹಾಕಿದ್ದರು.

ಆಗ ಅವಳಿಗೆ ಜಿಲ್ಲಾ ಪಂಚಾಯಿತಿಯ ಆಸೆ ಹುಟ್ಟಿತು. 2016ರಲ್ಲಿ ಆರಿಸಿ ಬಂದವರ ಅವಧಿ 2021ಕ್ಕೆ ಮುಗಿಯುವುದಿತ್ತು. ಮುಗಿಯಿತು ಕೂಡ. ಆದರೆ ಆಮೇಲೆ ವರ್ಷಗಟ್ಟಲೆ ಚುನಾವಣೆಯೇ ಇಲ್ಲ. ತಾಲ್ಲೂಕು ಪಂಚಾಯಿತಿಗೂ ಇಲ್ಲ. ಆಡಳಿತಾಧಿಕಾರಿಗಳ ಕೈಯಲ್ಲಿ ನಡೆಯಿತು. ದುಡ್ಡಿರುವವರಿಗೆ, ದೊಡ್ಡ ಜಾತಿಯ ಬೆಂಬಲ ಇರುವವರಿಗೆ ಇದರಿಂದ ದೊಡ್ಡ ನಷ್ಟವಿಲ್ಲ. ಅವರು ನೇರ ವಿಧಾನಸಭೆ ಟಿಕೆಟ್ ಕೇಳಬಲ್ಲರು. ಪಂಚಾಯಿತಿಯಿಂದ ಒಂದೊಂದೇ ಮೆಟ್ಟಿಲು ಹತ್ತಿ ಬರಬೇಕಾದವರಿಗೆ ನಡುವಿನ ಎರಡು ಮೆಟ್ಟಿಲನ್ನೇ ಕಿತ್ತ ಹಾಗಾಯಿತು.

ನನ್ನ ಫ್ರೆಂಡ್ ಲಿಸ್ಟಿನಲ್ಲಿ ಎಲ್ಲಾ ಪಕ್ಷದವರೂ ಇದ್ದೀರಿ. ಕೆಲವರು ಜಿಲ್ಲಾ ಮಟ್ಟದಲ್ಲಿ ಟಿಕೆಟ್ ವಿಷಯ ಮಾತಾಡುವಷ್ಟು ದೊಡ್ಡವರು. ಜಿಲ್ಲಾ ಪಂಚಾಯಿತಿ ಚುನಾವಣೆಗೆ ಅಭ್ಯರ್ಥಿ ಹುಡುಕುವಾಗ ಒಂದು ಜನರಲ್ ಕ್ಷೇತ್ರವನ್ನು ಸಿದ್ದಿ ಹೆಣ್ಣುಮಗಳಿಗೆ ಕೊಡಿ. ಮೀಸಲು ಕ್ಷೇತ್ರ ಅಲ್ಲ, ಜನರಲ್. ಖರ್ಚು ಪಕ್ಷವೇ ನೋಡಿಕೊಳ್ಳಲಿ. ಗೆಲ್ಲುವ ಅಭ್ಯರ್ಥಿ ಎಲ್ಲಿದ್ದಾರೆ ಅಂತ ಕೇಳುವವರು ಇನ್‌ಬಾಕ್ಸಿಗೆ ಬನ್ನಿ. ಅವಳ ಒಪ್ಪಿಗೆ ಕೇಳಿ ನಾನೇ ಕರೆದುಕೊಂಡು ಹೋಗುತ್ತೇನೆ. ಮಳೆಗಾಲ ಆದರೂ ಅಡ್ಡಿಯಿಲ್ಲ, ಹಳ್ಳ ದಾಟಲು ಈಗ ಸಂಕ ಇದೆ.