ಕಮಿಲ್ ಕ್ಲೊಡೆಲ್ ಶಿಲ್ಪಿ ಎನ್ನಲು ಏನು ಕಷ್ಟ?

ನಿನ್ನೆ ಸಂಜೆ ಶಿಲ್ಪಕಲೆಯ ಕುರಿತ ಉಪನ್ಯಾಸವೊಂದನ್ನು ಕೇಳಿ ಮನೆಗೆ ಬಂದವಳಿಗೆ ರಾತ್ರಿ ಊಟ ಸೇರಲಿಲ್ಲ. ಮುಕ್ಕಾಲು ಗಂಟೆ ಫ್ರಾನ್ಸಿನ ಹೆಸರಾಂತ ಶಿಲ್ಪಿ ರೋಡಿನ್‌ನ ಗುಣಗಾನ ಮಾಡಿದ ಭಾಷಣಕಾರರು, ಪರದೆಯ ಮೇಲೆ ಕಮಿಲ್ ಕ್ಲೊಡೆಲ್ ಮುಖ ಮೂಡಿದಾಗ ‘ಈಕೆ ಅವನ ಶಿಷ್ಯೆ, ಪ್ರೇಯಸಿ, ಕೊನೆಗೆ ಹುಚ್ಚು ಹಿಡಿಯಿತು’ ಎಂದು ಒಂದೇ ಉಸಿರಿನಲ್ಲಿ ಮುಗಿಸಿಬಿಟ್ಟರು. ಹಿಂದಿನ ಸಾಲಿನಲ್ಲಿ ಯಾರೋ ಕಿಸಕ್ಕನೆ ನಕ್ಕರು. ಆಕೆ ಶಿಲ್ಪಿ ಎಂಬ ಒಂದು ಮಾತು ಮಾತ್ರ ಬರಲೇ ಇಲ್ಲ.

ಕನ್ನಡದ ಸಭೆಯಲ್ಲಿ ಆಕೆಯನ್ನು ಪರಿಚಯಿಸಲು ರೋಡಿನ್ ಏಕೆ ಬೇಕು, ಕಾಳಿದಾಸನೇ ಸಾಕಿತ್ತಲ್ಲ! 1888ರ ಪ್ಯಾರಿಸ್ ಸಲೋನ್ ಪ್ರದರ್ಶನದಲ್ಲಿ ಮನ್ನಣೆ ಪಡೆದ ಆಕೆಯ ಶಿಲ್ಪದ ಹೆಸರು ‘ಶಕುಂತಲಾ’. ನೆನಪು ಮರಳಿದ ದುಷ್ಯಂತ ಮಂಡಿಯೂರಿ, ಮುಖವೆತ್ತಿ ಅವಳನ್ನು ತಬ್ಬಿದ್ದಾನೆ. ಅವಳು ಒಂದು ಕೈಯನ್ನು ಎದೆಗೊತ್ತಿಕೊಂಡು, ಮೈಭಾರವನ್ನೆಲ್ಲ ಅವನ ಮೇಲೆ ಬಿಟ್ಟು ಬಾಗಿದ್ದಾಳೆ. ಕ್ಷಮಿಸಿದಳೋ, ಬರೀ ದಣಿದಳೋ, ಎಷ್ಟು ಸಲ ನೋಡಿದರೂ ನನಗೆ ತೀರ್ಮಾನವಾಗಿಲ್ಲ. ಪ್ಯಾರಿಸ್ಸಿನ ಸರ್ಕಾರಿ ಕಲಾಶಾಲೆ ಹೆಣ್ಣುಮಕ್ಕಳಿಗೆ ಬಾಗಿಲು ತೆರೆದದ್ದೇ 1897ರಲ್ಲಿ. ಅದಕ್ಕೂ ಮೊದಲು, ಇನ್ನೂ 23ರ ಹರೆಯದಲ್ಲಿ ಆಕೆ ಮಾಡಿದ ಕೆಲಸವಿದು.

‘ರೋಡಿನ್ ಇಲ್ಲದಿದ್ದರೆ ಅವಳು ಯಾರಿಗೆ ಗೊತ್ತಿರುತ್ತಿದ್ದಳು’ ಎನ್ನುವವರಿದ್ದಾರೆ. ಅವನ ಬಳಿ ಕಲಿತದ್ದು ನಿಜ. ರೋಡಿನ್ ಕೂಡ ಕ್ಯಾರಿಯೆ-ಬೆಲ್ಯೂಸ್ ಎಂಬ ಶಿಲ್ಪಿಯ ಕಾರ್ಯಾಗಾರದಲ್ಲಿ ವರ್ಷಗಟ್ಟಲೆ ದುಡಿದವನೇ. ಅವನನ್ನು ಯಾರಾದರೂ ಕ್ಯಾರಿಯೆ-ಬೆಲ್ಯೂಸ್‌ನ ಆಳು ಎಂದು ಪರಿಚಯಿಸಿದ್ದನ್ನು ಕೇಳಿದ್ದೀರಾ?

ಇನ್ನು ಆ ‘ಹುಚ್ಚು’. ರೋಡಿನ್ ತನ್ನ ಕಲ್ಪನೆಗಳನ್ನು ಕದಿಯುತ್ತಾನೆಂಬ ಭಯ ಆಕೆಯನ್ನು ಕಾಡುತ್ತಿತ್ತು, ತನ್ನ ಕೃತಿಗಳನ್ನು ತಾನೇ ಒಡೆದು ಹಾಕುತ್ತಿದ್ದಳು, ಅದನ್ನು ಅಲ್ಲಗಳೆಯುವುದಿಲ್ಲ. ಆದರೆ 1913ರ ಮಾರ್ಚ್ 2ರಂದು ಆಸರೆಯಾಗಿದ್ದ ತಂದೆ ತೀರಿಕೊಂಡರು, 10ರಂದು ಮನೆಯವರು ಆಕೆಯನ್ನು ಮಾನಸಿಕ ಆಸ್ಪತ್ರೆಗೆ ಸಾಗಿಸಿದರು. ಮುಂದೆ ವೈದ್ಯರೇ ಮನೆಗೆ ಕರೆದೊಯ್ಯಬಹುದೆಂದರೂ ತಾಯಿ ಒಪ್ಪಲಿಲ್ಲ, ಒಮ್ಮೆಯೂ ಹೋಗಿ ನೋಡಲಿಲ್ಲ. ಕವಿಯೂ ರಾಯಭಾರಿಯೂ ಆಗಿದ್ದ ತಮ್ಮ ಪೋಲ್ ಕ್ಲೊಡೆಲ್ ಮೂವತ್ತು ವರ್ಷಗಳಲ್ಲಿ ಬೆರಳೆಣಿಕೆಯಷ್ಟು ಸಲ ಹೋಗಿಬಂದ. 1943ರಲ್ಲಿ ಆಕೆ ಮಾನಸಿಕ ಆಸ್ಪತ್ರೆಯಲ್ಲೇ ಸತ್ತಳು. ಇಷ್ಟನ್ನೂ ‘ಹುಚ್ಚು ಹಿಡಿಯಿತು’ ಎಂಬ ಎರಡು ಪದಗಳಲ್ಲಿ ಅಡಗಿಸುವ ಜಾಣ್ಮೆಗೆ ಶರಣು.

ನನ್ನದೇನೂ ಕಡಿಮೆಯಿಲ್ಲ. ಕೆಲವು ವರ್ಷಗಳ ಹಿಂದೆ ಇದೇ ಗೋಡೆಯ ಮೇಲೆ ‘ರೋಡಿನ್‌ನ ಪ್ರೇಯಸಿ’ ಎಂಬ ತಲೆಬರಹ ಕೊಟ್ಟು ನಿಮ್ಮಿಂದ ಲೈಕು ಗಿಟ್ಟಿಸಿಕೊಂಡವಳು ನಾನು. ನಿನ್ನೆ ಪ್ರಶ್ನೋತ್ತರದ ಹೊತ್ತಿಗೆ ಮೈಕು ನನ್ನ ಕೈಗೇ ಬಂದಿತ್ತು. ಪಕ್ಕದವರಿಗೆ ದಾಟಿಸಿಬಿಟ್ಟೆ.