ಸ್ಪಷ್ಟನೆ: ಷಾರ್ಲೆಟ್ ಬ್ರಾಂಟೆಯ ಕ್ಷಮೆ ಕೇಳಿದ ಕಥೆ ನಿಜವಲ್ಲ

ಹೆಣ್ಣಿಗೆ ಸಾಹಿತ್ಯ ಬೇಡ ಎಂದಿದ್ದ ಇಂಗ್ಲೆಂಡಿನ ಆಸ್ಥಾನಕವಿ ರಾಬರ್ಟ್ ಸದಿ, ಮುಂದೆ ಲೇಖಕಿ ಷಾರ್ಲೆಟ್ ಬ್ರಾಂಟೆಯ ಕಾದಂಬರಿ 'ಜೇನ್ ಐರ್' ಓದಿ ಅವಳ ಕ್ಷಮೆ ಕೇಳಿದರು ಅಂತ ಒಂದು ಮೆಸೇಜ್ ಓಡಾಡುತ್ತಿದೆ. ನಾನೂ ಹಂಚಿದ್ದೆ. ಅದು ತಪ್ಪು. ಕಾದಂಬರಿ ಬಂದದ್ದು 1847ರಲ್ಲಿ, ಸದಿ ತೀರಿಕೊಂಡದ್ದು 1843ರಲ್ಲೇ.

ಸದಿ ಅವಳಿಗೆ ಹಾಗೆ ಬರೆದ ಪತ್ರ ಮಾತ್ರ ನಿಜ, 1837ರ ಮಾರ್ಚ್‌ನದು. ಆಗ ಷಾರ್ಲೆಟ್‌ಗೆ ಇನ್ನೂ 20, ಶಾಲೆಯೊಂದರಲ್ಲಿ ಪಾಠ ಹೇಳುತ್ತಿದ್ದಳು. ಸಾಹಿತ್ಯ ಹೆಣ್ಣಿನ ಬದುಕಿನ ಕಸುಬಾಗಲಾರದು, ಆಗಲೂಬಾರದು ಎಂದ ಅದೇ ಪತ್ರದಲ್ಲಿ, ನಿನಗೆ ಕವಿತೆ ಕಟ್ಟುವ ಶಕ್ತಿ ಇದೆ ಅಂತಲೂ ಇದೆ. ಅವಳು ಅದನ್ನು ಹರಿದು ಹಾಕಲಿಲ್ಲ. ತನ್ನ 21ನೇ ಹುಟ್ಟುಹಬ್ಬದ ದಿನ, 'ಸದಿಯ ಸಲಹೆ, ಎಂದೆಂದಿಗೂ ಇಟ್ಟುಕೊಳ್ಳಬೇಕಾದ್ದು' ಅಂತ ಅದರ ಹೊದಿಕೆಯ ಮೇಲೆ ಬರೆದು ಎತ್ತಿಟ್ಟಳು. ನನಗೆ ಜಾಸ್ತಿ ತಟ್ಟಿದ್ದು ಇದೇ.

ಆ ಮೆಸೇಜ್ ಬಂದರೆ ದಯವಿಟ್ಟು ಮುಂದೆ ಕಳಿಸಬೇಡಿ.